ಬಾವಿಗೆ ಹೋದ ಕಾಲ್

ಬೆಳ್ಳಾರೆ ಪೇಟೆಯಲ್ಲಿ ನನ್ನದೊಂದು ಮೋಟಾರು ರಿವೈಂಡಿಂಗ್ ಅಂಗಡಿ. ಸುಟ್ಟುಹೋದ ಮೋಟಾರಿನ ಹಳೆಯ ತಂತಿ ಕಿತ್ತು ಹೊಸ ತಂತಿ ಸುತ್ತುವ ಕೆಲಸ. ಹೆಂಗಸು ಈ ಕೆಲಸ ಮಾಡುತ್ತಾಳಾ ಎಂದು ಕೇಳುವವರಿಗೆ ಉತ್ತರ ಕೊಡುವುದನ್ನು ಬಿಟ್ಟು ಬಹಳ ವರ್ಷವಾಯಿತು. ಮೋಟಾರು ಇಟ್ಟು ಹೋಗಿ, ನಾಡಿದ್ದು ಬನ್ನಿ ಅನ್ನುತ್ತೇನೆ. ನನ್ನ ಬಾಯಿ ಸ್ವಲ್ಪ ಜೋರು, ಅದು ಊರಿಗೇ ಗೊತ್ತು. ನಾನು ಹೆದರುಪುಕ್ಕಲಿ ಎಂಬುದು ಮಾತ್ರ ಊರಿಗೆ ಗೊತ್ತಿರಲಿಲ್ಲ. ಜೋರು ಬಾಯಿಯವರಲ್ಲಿ ಅರ್ಧ ಜನ ಹೀಗೆಯೇ, ಒಳಗಿನ ಹೆದರಿಕೆ ಹೊರಗೆ ಕೇಳಬಾರದೆಂದು ಬೊಬ್ಬೆ ಹಾಕುವವರು.

ನನ್ನ ಜೊತೆ ಕೆಲಸ ಮಾಡುವವರು ನನ್ನ ಭಾವ, ಅಕ್ಕನ ಗಂಡ. ಮೋಟಾರು ಸುತ್ತುವುದು ನಾನು, ಬಾವಿಗೆ ಇಳಿಯುವುದು ಅವರು. ಬೇಸಿಗೆಯಲ್ಲಿ ನೀರು ಕೆಳಗೆ ಹೋದ ಹಾಗೆ ನಮ್ಮ ಕಡೆ ಪಂಪನ್ನೂ ಬಾವಿಯೊಳಗೆ ಇಳಿಸಬೇಕಾಗುತ್ತದೆ. ಅರ್ಧ ಬಾವಿಯಲ್ಲಿ ಒಂದು ಸಣ್ಣ ಕಟ್ಟೆಯ ಮೇಲೆ ಪಂಪು ಕೂತಿರುತ್ತದೆ, ಅದರ ಪಕ್ಕದಲ್ಲಿ ಒಬ್ಬ ಮನುಷ್ಯ ಮುದುಡಿ ಕೂರುವಷ್ಟು ಜಾಗ. ಭಾವ ಅಲ್ಲಿ ಕೂತು, ಕೆಳಗೆ ಕಪ್ಪು ನೀರಿದ್ದರೂ, ಮನೆಯ ಜಗಲಿಯಲ್ಲಿ ಕೂತವರ ಹಾಗೆ ಸ್ಪ್ಯಾನರ್ ತಿರುಗಿಸುತ್ತಾರೆ. ಮಾತು ಕಡಿಮೆ. ದಿನಕ್ಕೆ ಹತ್ತು ಮಾತಾಡಿದರೆ ಅದರಲ್ಲಿ ಆರು ‘ಹ್ಞೂಂ’. ಇಪ್ಪತ್ತು ವರ್ಷ ಹೀಗೆ ನಡೆಯಿತು, ಅವರ ಮೈಗೆ ಒಂದು ಗೀರು ಕೂಡ ಆಗಲಿಲ್ಲ.

ಆಮೇಲೆ ಮೊಬೈಲ್ ಸ್ಟಾರ್ಟರ್ ಬಂತು. ಅದೊಂದು ಡಬ್ಬಿ. ಒಳಗೆ ಸಿಮ್ ಕಾರ್ಡ್ ಇರುತ್ತದೆ, ಆ ನಂಬರಿಗೆ ಫೋನ್ ಮಾಡಿದರೆ ಪಂಪು ಚಾಲೂ ಆಗುತ್ತದೆ. ಹೊಸ ನಮೂನೆಯವು ಇಂಟರ್ನೆಟ್ಟಿನಲ್ಲೇ ನಡೆಯುತ್ತವೆ, ದುಬೈಯಲ್ಲಿ ಕೂತು ಬೆಳ್ಳಾರೆಯ ಪಂಪು ತಿರುಗಿಸಬಹುದು. ಪಂಪ್ ಶೆಡ್ಡಿಗೆ ಓಡುವುದು ತಪ್ಪಿತೆಂದು ಜನರಿಗೆ ಖುಷಿಯೋ ಖುಷಿ. ಬೆಳ್ಳಾರೆ, ಸುಳ್ಯ, ಕಡಬ ಎಂದು ಊರೂರು ಸುತ್ತಿ ಹಾಕಿಕೊಟ್ಟೆ. ಮೆಸೇಜಿನಲ್ಲೋ ಇಂಟರ್ನೆಟ್ಟಿನಲ್ಲೋ ನಡೆಸಲು ಪಾಸ್‌ವರ್ಡ್ ಬೇಕು. ಎಲ್ಲದಕ್ಕೂ ಒಂದೇ, ಕಂಪೆನಿಯಿಂದ ಬರುವಾಗ ಇದ್ದದ್ದೇ: ಒಂದು, ಎರಡು, ಮೂರು, ನಾಲ್ಕು. ಮೊದಮೊದಲು ಮನೆಗೊಂದು ಹಾಕಿ ಕೊಡುತ್ತಿದ್ದೆ. ಜನ ಅದನ್ನು ಮರೆತು, ನಾನು ಊಟಕ್ಕೆ ಕೂತಾಗಲೇ ಫೋನ್ ಮಾಡಿ, “ಅಕ್ಕ, ನಮ್ಮದು ಎಂತ ನಂಬ್ರ?” ಎಂದು ಕೇಳುವುದು. ಪಿತ್ತ ನೆತ್ತಿಗೇರಿ ಎಲ್ಲವನ್ನೂ ಒಂದೇ ಮಾಡಿಬಿಟ್ಟೆ. ಸೋಮಾರಿತನಕ್ಕೆ ಉಪಕಾರ ಎಂದು ಹೆಸರಿಡುವುದು ಸುಲಭ.

ನಾನು ಮಾರುತ್ತಿದ್ದದ್ದು ಎರಡು ಕಂಪೆನಿಯ ಡಬ್ಬಿ. ಎರಡಕ್ಕೂ ಬೇರೆ ಬೇರೆ ದಾರಿ. ಒಂದಕ್ಕೆ ರಿಂಗ್ ಕೊಟ್ಟರೆ ಆನ್, ಮತ್ತೊಮ್ಮೆ ರಿಂಗ್ ಕೊಟ್ಟರೆ ಆಫ್. ಇನ್ನೊಂದಕ್ಕೆ ರಿಂಗ್ ಕೊಟ್ಟರೆ ಆನ್ ಮಾತ್ರ, ಆಫ್ ಮಾಡಲು ಮೆಸೇಜ್ ಹಾಕಬೇಕು. ತಪ್ಪಿ ಮತ್ತೆ ರಿಂಗ್ ಕೊಟ್ಟರೆ ನಿಂತ ಪಂಪೂ ಪುನಃ ಹೊರಡುತ್ತದೆ. ಒಬ್ಬೊಬ್ಬರು ಒಂದೊಂದು ರೀತಿ ಮಾಡಿಟ್ಟದ್ದು ಯಾಕೆ ಎಂದು ನಾನು ಯಾವತ್ತೂ ಕೇಳಲಿಲ್ಲ. ಎರಡೂ ನನಗೆ ಬಾಯಿಪಾಠ ಎಂಬ ಜಂಬ ಇತ್ತು.

ಅಕ್ಕನ ಮನೆಯ ಬಾವಿಗೂ ಒಂದು ಹಾಕಿಕೊಟ್ಟಿದ್ದೆ. ಆ ನಂಬರನ್ನು ನನ್ನ ಫೋನಿನಲ್ಲಿ ‘ಬಾವಿ’ ಎಂದು ಬರೆದುಕೊಂಡೆ. ಭಾವನ ನಂಬರು ಮೊದಲೇ ಇತ್ತು, ‘ಬಾವ’ ಎಂದು. ಶಾಲೆಯಲ್ಲಿ ಮಹಾಪ್ರಾಣ ಬಿಟ್ಟರೆ ಮೇಷ್ಟ್ರು ಕೈಗೆ ಬಾರಿಸುತ್ತಿದ್ದರು, ದೊಡ್ಡವಳಾದ ಮೇಲೆ ಬಾರಿಸುವವರಿಲ್ಲ. ನಮ್ಮ ಕಡೆ ಬಾಯಲ್ಲಿ ಯಾರೂ ‘ಭಾ’ ಎಂದು ಉಸಿರು ಬಿಟ್ಟು ಹೇಳುವುದೂ ಇಲ್ಲ. ಹಾಗಾಗಿ ಫೋನಿನ ಪಟ್ಟಿಯಲ್ಲಿ ಬಾವ, ಬಾವಿ ಎರಡೂ ಒಂದರ ಕೆಳಗೆ ಒಂದು ಕೂತಿದ್ದವು.

ಏಪ್ರಿಲಿನ ಒಂದು ಬೆಳಿಗ್ಗೆ, ಹನ್ನೊಂದು ಗಂಟೆ ಸುಮಾರಿಗೆ, ನಾನು ಅಂಗಡಿಯಲ್ಲಿ ಹೊಸದಾಗಿ ಸುತ್ತಿದ ತಂತಿಗೆ ವಾರ್ನಿಶ್ ಹಚ್ಚುತ್ತಿದ್ದೆ. ಎರಡೂ ಕೈ ಅಂಟು. ಒಬ್ಬರು ಗಿರಾಕಿ ಬಂದು ತಮ್ಮ ಪಂಪಿಗೆ ಯಾವ ಬೇರಿಂಗ್ ಎಂದು ಕೇಳಿದರು. ಅದು ಬಿಚ್ಚಿದ ಭಾವನಿಗೇ ಗೊತ್ತು. ಕೈ ತೊಳೆಯುವ ಸಮಯ ಇಲ್ಲವೆಂದು ಮೇಜಿನ ಮೇಲಿದ್ದ ಫೋನಿಗೆ ಬಾಯಲ್ಲೇ, “ಬಾವಂಗೆ ಕಾಲ್ ಮಾಡು” ಅಂದೆ. ರಸ್ತೆಯಲ್ಲಿ ಪುತ್ತೂರಿನ ಬಸ್ಸು ಹಾರ್ನ್ ಹಾಕುತ್ತ ನಿಂತಿತ್ತು. ಫೋನು ಏನೋ ಉತ್ತರ ಹೇಳಿತು, ನನಗೆ ಕೇಳಲಿಲ್ಲ. ಒಂದು ರಿಂಗ್ ಆಗಿ ಕಟ್ ಆಯಿತು. ಈ ಭಾವನಿಗೆ ಎಂಥ ಅಹಂಕಾರ, ಕಟ್ ಮಾಡುವುದಾ ಎಂದು ಬೈದುಕೊಂಡೆ. ಅಷ್ಟರಲ್ಲಿ ಒಂದು ಮೆಸೇಜ್ ಬಂತು: ಮೋಟಾರ್ ಆನ್.

ಓದಿ ನಾನು ಮೊದಲು ನಕ್ಕೆ. ಬಾವನಿಗೆ ಎಂದದ್ದು ಬಾವಿಗೆ ಹೋಯಿತಲ್ಲ ಎಂದು ಗಿರಾಕಿಗೂ ಹೇಳಿ ನಗಿಸುವವಳಿದ್ದೆ. ಆಗ ನೆನಪಾಯಿತು. ಹಿಂದಿನ ಸಂಜೆ ಭಾವ ಅಂಗಡಿಯಿಂದ ಹೊರಡುವಾಗ, “ನಾಳೆ ಬರುದು ತಡ ಆಗ್ತದೆ. ಮನೆ ಪಂಪು ನೀರು ಎಳೀತಾ ಇಲ್ಲ, ಇಳಿದು ನೋಡ್ಬೇಕು” ಎಂದು ಹೇಳಿ ಹೋಗಿದ್ದರು.

ಈಗ ಅವರು ಬಾವಿಯಲ್ಲಿರಬಹುದು. ಅವರ ಕೈ ಪಂಪಿನ ಮೇಲಿರಬಹುದು. ಆ ಪಂಪಿನ ಮೋಟಾರು ಸುತ್ತಿದ್ದು ನಾನೇ, ಆನ್ ಆದರೆ ಒಂದು ಕ್ಷಣ ತಡ ಮಾಡುವ ಮೋಟಾರಲ್ಲ ಅದು. ಪುನಃ ರಿಂಗ್ ಕೊಟ್ಟು ಆಫ್ ಮಾಡೋಣ ಎಂದು ಫೋನಿಗೆ ಕೈ ಹಾಕಿದವಳು ಅಲ್ಲೇ ನಿಂತೆ. ಅಕ್ಕನ ಮನೆಯಲ್ಲಿ ಇರುವುದು ಯಾವ ಡಬ್ಬಿ? ಮೊದಲು ಹಾಕಿದ್ದು ಸಿಡಿಲಿಗೆ ಸುಟ್ಟುಹೋಗಿತ್ತು, ಕೈಗೆ ಸಿಕ್ಕಿದ ಇನ್ನೊಂದನ್ನು ಹಾಕಿ ಬಂದಿದ್ದೆ. ಆ ಇನ್ನೊಂದು ಯಾವುದು? ಒಂದು ವೇಳೆ ಅಕ್ಕ ಓಡಿ ಹೋಗಿ ಪಂಪು ನಿಲ್ಲಿಸಿದ್ದರೆ, ಈಗ ನಾನು ರಿಂಗ್ ಕೊಟ್ಟರೆ ಅದು ಎರಡನೆಯ ಸಲ ತಿರುಗುತ್ತದೆ. ಕೊಡದಿದ್ದರೆ, ತಿರುಗುತ್ತಲೇ ಇದ್ದರೆ? ಬಾಯಿಪಾಠ ಇದ್ದದ್ದರಲ್ಲಿ ಒಂದು ಅಕ್ಷರವೂ ನೆನಪಿಗೆ ಬರಲಿಲ್ಲ.

ಭಾವನ ಫೋನಿಗೆ ಮಾಡಿದೆ, ರಿಂಗ್ ಆಗಿ ಆಗಿ ನಿಂತಿತು. ಅಕ್ಕನದ್ದೂ ಹಾಗೆಯೇ. ಆಫ್ ಎಂದು ಮೆಸೇಜ್ ಹಾಕಲು ಹೋದರೆ ವಾರ್ನಿಶ್ ಅಂಟಿದ ಬೆರಳಿಗೆ ಪರದೆ ಓಗೊಡುತ್ತಿಲ್ಲ. ಬೆರಳನ್ನು ಚೂಡಿದಾರಕ್ಕೆ ಒರೆಸಿದೆ, ಸೀಮೆಎಣ್ಣೆ ಹಾಕಿ ತಿಕ್ಕಿದೆ, ಅಂತೂ ಹೋಯಿತು. ಉತ್ತರ ಬರಲಿಲ್ಲ. ನಿಂತಿತೋ ನಿಲ್ಲಲಿಲ್ಲವೋ ದೇವರೇ ಬಲ್ಲ. ಗಿರಾಕಿ ನನ್ನ ಮುಖ ನೋಡಿ, “ಎಂತ ಆಯ್ತು?” ಎಂದು ಕೇಳಿದರು. ಅವರನ್ನು ಅಲ್ಲೇ ಬಿಟ್ಟು, ಅಂಗಡಿಗೆ ಬಾಗಿಲೂ ಹಾಕದೆ ಸ್ಕೂಟರ್ ಹತ್ತಿದೆ.

ಸುಳ್ಯದ ಕಡೆಗೆ ಹೋಗುವ ರಸ್ತೆಯಲ್ಲಿ ಅಕ್ಕನ ಮನೆಗೆ ಹದಿನೈದು ನಿಮಿಷ. ಆ ಹದಿನೈದು ನಿಮಿಷ ನಾನು ಏನು ಯೋಚಿಸಿದೆ ಎಂದು ಬರೆಯಲು ನನಗೆ ಧೈರ್ಯ ಸಾಲದು. ತಿರುವುಗಳಲ್ಲಿ ಎದುರಿಂದ ಲಾರಿ ಬಂದರೆ, ಬಂದು ಹೊಡೆದರೆ ಹೊಡೆಯಲಿ, ಅಲ್ಲಿ ಹೋಗಿ ನೋಡುವುದು ತಪ್ಪುತ್ತದೆ ಎಂದು ಕೂಡ ಅನ್ನಿಸಿತು. ಅಷ್ಟು ಹೇಡಿ ನಾನು.

ಭಾವ ಬಾವಿಕಟ್ಟೆಗೆ ಒರಗಿ ಕೂತಿದ್ದರು. ಬಲಗೈಗೆ ಹೆಗಲ ಬೈರಾಸು ಸುತ್ತಿತ್ತು, ಅದು ಪೂರ್ತಿ ಕೆಂಪಾಗಿತ್ತು. ಜೀವ ಇತ್ತು. ಅವರು ತಮ್ಮ ಮನೆಯ ಬಾವಿಯೇ ಅಲ್ಲವೇ ಎಂದು, ಮೇಲೆ ಮನೆಯ ಹತ್ತಿರ ಇದ್ದ ಮೇನ್ ಸ್ವಿಚ್ ತೆಗೆಯದೆ ಇಳಿದಿದ್ದರು. ಪಂಪನ್ನು ಕೈಯಲ್ಲಿ ತಿರುಗಿಸಿ ನೋಡುವಾಗ ಅದು ಹೊರಟಿತು. ಇನ್ನೊಂದು ಕೈಯಲ್ಲಿ ಹಗ್ಗ ಹಿಡಿದಿದ್ದರಿಂದ ನೀರಿಗೆ ಬೀಳಲಿಲ್ಲ. ಅವರು ಕೂಗಿದ್ದು ಕೇಳಿ ಅಕ್ಕ ಗ್ರೈಂಡರ್ ಬಿಟ್ಟು ಓಡಿ ಬಂದು ಸ್ವಿಚ್ ತೆಗೆದದ್ದು.

“ಯಾವನೋ ಬೇವಾರ್ಸಿ ರಿಂಗ್ ಕೊಟ್ಟದ್ದು,” ಅಕ್ಕ ನನ್ನನ್ನು ನೋಡಿದ್ದೇ ಅಳಲಿಕ್ಕೆ ಶುರು ಮಾಡಿದಳು. “ಅವನ ಕೈಗೆ ಹುಳ ಬೀಳ್ಲಿ. ಅವನ ಕೈ ಮುರ್ದು ಹೋಗ್ಲಿ.”

ಅವಳಿಗೆ ಹಾಗೆ ಅನ್ನಿಸಲು ಕಾರಣ ಇತ್ತು. ಡಬ್ಬಿಯ ಸಿಮ್ ಮೊದಲು ಬೇರೆ ಯಾರದ್ದೋ ಆಗಿತ್ತು, ಅವರನ್ನು ಹುಡುಕುವವರ ಫೋನು ಆಗೊಮ್ಮೆ ಈಗೊಮ್ಮೆ ಬಂದು ಪಂಪು ತಾನಾಗಿ ಹೊರಡುವುದಿತ್ತು. ಆಗೆಲ್ಲ ನಾವು ನಕ್ಕಿದ್ದೆವು. ಡಬ್ಬಿಗೆ ಯಾರ ನಂಬರು ತನ್ನ ಯಜಮಾನನದ್ದು ಎಂದು ಕಲಿಸಿಕೊಡಬಹುದಿತ್ತು, ಕಲಿಸಿರಲಿಲ್ಲ. ನಾನು ಹೇಳಲು ಬಾಯಿ ತೆರೆದೆ. ನಾನು ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅಕ್ಕ ಮತ್ತೊಮ್ಮೆ, ಅವನ ಕೈ, ಅಂದಳು. ವಾರ್ನಿಶ್ ಅಂಟಿದ ನನ್ನ ಎರಡು ಕೈಯನ್ನೂ ಬೆನ್ನ ಹಿಂದೆ ಇಟ್ಟುಕೊಂಡೆ.

ಪುತ್ತೂರಿನ ಆಸ್ಪತ್ರೆಗೆ ಜೀಪಿನಲ್ಲಿ ಹೋದೆವು. ಭಾವ ನಡುವೆ, ನಾವಿಬ್ಬರು ಆಚೆ ಈಚೆ. ಅವರು ಹಲ್ಲು ಕಚ್ಚಿ ಕೂತಿದ್ದಾಗ ನಾನು ನನ್ನ ಫೋನಿನಿಂದ ಆ ಕಾಲ್ ಮತ್ತು ಆ ಮೆಸೇಜ್ ಅಳಿಸಿದೆ. ಇದನ್ನು ಇಷ್ಟು ವರ್ಷ ಆದ ಮೇಲೂ ಬರೆಯುವಾಗ ಮುಖ ಬಿಸಿಯಾಗುತ್ತದೆ. ತೋರುಬೆರಳಿನ ಮೇಲಿನ ಗಂಟು ಹೋಯಿತು, ನಡುಬೆರಳು ಉಳಿಯಿತು, ಆದರೆ ಮಡಚಲಾಗುವುದಿಲ್ಲ.

ಅಂದಿನಿಂದ ನನಗೆ ಎರಡು ಹೆದರಿಕೆ. ಒಂದು ಆ ಡಬ್ಬಿಯದ್ದು. ರಿಪೇರಿ ಎಂದು ಹೇಳಿ ಅದನ್ನು ಕಿತ್ತು ತಂದು ಅಂಗಡಿಯ ಅಟ್ಟದಲ್ಲಿ ಗೋಣಿ ಸುತ್ತಿ ಇಟ್ಟೆ. ಕೊನೆಗೆ ಕಾಲ್ ಮಾಡಿದವರ ನಂಬರು ಅದರೊಳಗೆ ಉಳಿಯುತ್ತದೆ. ಅಳಿಸುವುದು ಹೇಗೆಂದು ಅದರ ಜೊತೆ ಬಂದ ಕಾಗದದಲ್ಲಿ ಇರಲಿಲ್ಲ. ಸುಟ್ಟುಬಿಡಬಹುದಿತ್ತು, ಸುಡಲಿಕ್ಕೂ ಹೆದರಿಕೆ. ಇನ್ನೊಂದು ಅಕ್ಕನದ್ದು. ಅವಳು ಮನೆಯ ದೈವದ ಮುಂದೆ ದೀಪ ಇಟ್ಟು, “ಯಾರು ಮಾಡಿದ್ದು ಅಂತ ನೀನೇ ತೋರಿಸ್ಬೇಕು” ಎಂದು ಹೇಳಿಕೊಂಡು ಬಂದಿದ್ದಳು. ನಮ್ಮ ಕಡೆ ಕಳವಾದರೆ ಪೊಲೀಸರಿಗಿಂತ ಮೊದಲು ದೈವಕ್ಕೆ ಹೇಳುವುದು. ದಿನವಿಡೀ ಕರೆಂಟಿನ ಜೊತೆ ಕೆಲಸ ಮಾಡುವವಳು ನಾನು, ಇದನ್ನೆಲ್ಲ ನಂಬುವುದಿಲ್ಲ ಎಂದು ಹೇಳಿಕೊಂಡು ತಿರುಗುತ್ತಿದ್ದವಳು. ಆ ಮಾತು ಕೇಳಿದ ಮೇಲೆ ಅಕ್ಕನ ಮನೆಯ ದೈವದ ಗುಡಿಯ ಎದುರು ಹಾದುಹೋಗಲು ನನ್ನ ಕಾಲು ಬರುತ್ತಿರಲಿಲ್ಲ, ಸುತ್ತು ದಾರಿಯಲ್ಲಿ ಹೋಗುತ್ತಿದ್ದೆ.

ಇನ್ನು ನನ್ನ ಫೋನು. ಅದರೊಳಗೆ ನಾನು ಹಾಕಿದ ಅಷ್ಟೂ ಡಬ್ಬಿಗಳ ನಂಬರು ಇತ್ತು, ಎಲ್ಲದಕ್ಕೂ ಒಂದೇ ಪಾಸ್‌ವರ್ಡ್. ನನ್ನ ಕೈ ತಪ್ಪಿದರೆ, ಅಥವಾ ಈ ಫೋನು ಇನ್ನೊಬ್ಬನ ಕೈಗೆ ಸಿಕ್ಕಿದರೆ, ಸಂಪಾಜೆಯಿಂದ ಕಡಬದವರೆಗೆ ಎಷ್ಟು ಬಾವಿಗಳಲ್ಲಿ ಎಷ್ಟು ಜನ ಇಳಿದಿರಬಹುದು. ಕುಂಕುಮದ ಡಬ್ಬಿಯಲ್ಲಿ ವಿಷ ಇಟ್ಟುಕೊಂಡ ಹಾಗೆ ಅದನ್ನು ಚೀಲದಲ್ಲಿ ಇಟ್ಟುಕೊಂಡು ತಿರುಗುತ್ತಿದ್ದೆ. ಮಲಗುವಾಗ ಬೇರೆ ಕೋಣೆಯಲ್ಲಿ ಇಡುತ್ತಿದ್ದೆ.

ಆ ಮಳೆಗಾಲದಲ್ಲಿ ಪುತ್ತೂರಿನ ಒಂದು ಕಾಲೇಜಿನ ಹಾಲಿನಲ್ಲಿ, ನಮ್ಮಂಥ ಫಿಟ್ಟರುಗಳಿಗೆ ಒಂದು ದಿನದ ತರಬೇತಿ ಎಂದು ಕಾಗದ ಬಂತು. ಇಂಟರ್ನೆಟ್ಟಿಗೆ ಸೇರಿಸುವ ಸಾಮಾನುಗಳು, ಪಂಪು, ಕ್ಯಾಮೆರಾ, ಬಾಗಿಲ ಬೀಗ, ಎಲ್ಲದಕ್ಕೂ ಸ್ಟ್ಯಾಂಡರ್ಡ್ ಬೇಕು ಎಂಬುದು ವಿಷಯ. ಊರೂರಿಗೆ ಹೋಗಿ ಇದನ್ನೇ ಹೇಳುವ ಒಬ್ಬರು ಮೇಡಂ ಬಂದಿದ್ದರು. ಅವರು ಪರದೆಯ ಮೇಲೆ ಚಿತ್ರ ತೋರಿಸಿ ಸ್ಟ್ಯಾಂಡರ್ಡ್, ಸ್ಟ್ಯಾಂಡರ್ಡ್ ಎಂದು ಹೇಳುತ್ತಿದ್ದರೆ ಹಿಂದಿನ ಸಾಲು ಪೂರ್ತಿ ಆಕಳಿಸುತ್ತಿತ್ತು. ನನಗೆ ಮಾತ್ರ ಒಂದೊಂದು ಮಾತೂ ಎದೆಗೆ ನಾಟುತ್ತಿತ್ತು. ತಡೆಯಲಾರದೆ ಎದ್ದು ನಿಂತೆ. “ಮೇಡಂ, ಸ್ಟ್ಯಾಂಡರ್ಡ್ ಅಂದ್ರೆ ಇವರಿಗೆ ಅಂಗಡಿಯ ಒಳ್ಳೆ ಮಾಲು ಅಂತ ಲೆಕ್ಕ. ಕ್ರಮ ಅನ್ನಿ, ಅರ್ಥ ಆಗ್ತದೆ” ಅಂದೆ.

ನಮ್ಮ ಕಡೆ ಕ್ರಮ ಎಂಬ ಮಾತಿಗೆ ಬಹಳ ತೂಕ. ಮದುವೆಗೊಂದು ಕ್ರಮ, ಸಾವಿಗೊಂದು ಕ್ರಮ, ಬಡಿಸುವ ಎಲೆಗೊಂದು ಕ್ರಮ. ಎಲೆಯ ಎಡಕ್ಕೆ ಉಪ್ಪು ಬಡಿಸಬೇಕೆಂದು ಯಾರೂ ಪುಸ್ತಕ ನೋಡುವುದಿಲ್ಲ, ಆದರೆ ಯಾವ ಮನೆಗೆ ಹೋದರೂ ಉಪ್ಪು ಎಡಕ್ಕೇ ಇರುತ್ತದೆ. ಮೇಡಂ ಪರದೆಯ ಚಿತ್ರ ನಿಲ್ಲಿಸಿ, “ಸರಿ, ಈ ಡಬ್ಬಿಗಳಿಗೆ ಕ್ರಮ ಇಲ್ಲ” ಅಂದರು. ಆಕಳಿಸುವುದು ನಿಂತಿತು. ಅಂದು ಸಂಜೆ ಅವರು ನನ್ನನ್ನು ಕರೆದು, ನೀವು ನಮ್ಮ ಜೊತೆ ಹಳ್ಳಿಗಳಿಗೆ ಬನ್ನಿ ಎಂದರು. ಹ್ಞೂಂ ಅಂದೆ. ಊರಿಗೆ ಉಪಕಾರ ಮಾಡುವ ಆಸೆಯಿಂದಲ್ಲ. ಹೆದರಿಕೆಗೆ ಕೈಕಾಲು ಆಡಿಸಲು ಏನಾದರೂ ಒಂದು ಕೆಲಸ ಬೇಕಿತ್ತು.

ನಾನು ಹಾಕಿದ ಡಬ್ಬಿ ಇರುವ ಒಂದೊಂದೇ ಮನೆಗೆ ಹೋಗಿ ಪಾಸ್‌ವರ್ಡ್ ಬದಲಾಯಿಸತೊಡಗಿದೆ. ಮನೆಯವರ ನಂಬರು ಬಿಟ್ಟು ಬೇರೆ ಯಾರ ಕಾಲಿಗೂ ಓಗೊಡದ ಹಾಗೆ ಮಾಡಿದೆ. ಬಾವಿಗೆ ಇಳಿಯುವ ಮೊದಲು ಮೇನ್ ತೆಗೆಯಬೇಕೆಂದು ಹೇಳಿ ಹೇಳಿ ಗಂಟಲು ಒಣಗಿತು. ಕಡಬದ ಕಡೆಯ ಒಬ್ಬರು, “ನಮ್ಮ ಬಾವಿ ನೀರು ಕದಿಲಿಕ್ಕೆ ಯಾವ ಕಳ್ಳ ಬರ್ತಾನೆ ಮಾರಾಯ್ತಿ?” ಎಂದು ನಕ್ಕರು. ಇನ್ನೊಂದು ಮನೆಯ ಅಜ್ಜಿ, ಹೊಸ ಪಾಸ್‌ವರ್ಡ್ ಯಾರಿಗೂ ಹೇಳಬೇಡಿ ಎಂದದ್ದಕ್ಕೆ ತಲೆಯಾಡಿಸಿ, ನಾನು ಸ್ಕೂಟರ್ ಹತ್ತುವಷ್ಟರಲ್ಲಿ ಅದನ್ನು ಸೀಮೆಸುಣ್ಣದಲ್ಲಿ ಡಬ್ಬಿಯ ಮೇಲೆಯೇ ದೊಡ್ಡದಾಗಿ ಬರೆದಿದ್ದರು. “ನಾನು ಯಾರಿಗೂ ಹೇಳ್ಲಿಲ್ಲ” ಎಂದು ನನಗೇ ವಾದ ಬೇರೆ.

ಗಾಯ ಮಾಗಿದ ಮೇಲೆ ಭಾವ ತಾವಾಗಿ, “ನಾನೂ ಬರ್ತೇನೆ” ಅಂದರು. ಬೇಡ ಎನ್ನಲು ನನಗೆ ಯಾವ ನೆಪವೂ ಸಿಗಲಿಲ್ಲ. ಸುಳ್ಯ, ಸಂಪಾಜೆ, ಕಡಬ ಎಂದು ಪಂಚಾಯತ್ ಹಾಲುಗಳಲ್ಲಿ ಸಭೆ ಆಗುತ್ತಿತ್ತು. ನಾನು ಅರ್ಧ ಗಂಟೆ ಮಾತಾಡಿದ ಮೇಲೆ ಅವರು ಎದ್ದು ನಿಂತು ಬಲಗೈ ಎತ್ತಿ ತೋರಿಸುತ್ತಿದ್ದರು. “ಯಾರೋ ಒಬ್ಬ ರಿಂಗ್ ಕೊಟ್ಟ. ಇಷ್ಟೇ.” ಅಷ್ಟು ಹೇಳಿ ಕೂರುವುದು. ನನ್ನ ಅರ್ಧ ಗಂಟೆಯ ಭಾಷಣಕ್ಕಿಂತ ಆ ಬೆರಳಿಗೆ ಜನ ಹೆಚ್ಚು ಬಾಗುತ್ತಿದ್ದರು. ಪ್ರತಿ ಸಲ ಅವರು ‘ಯಾರೋ ಒಬ್ಬ’ ಅನ್ನುವಾಗ ನಾನು ನೆಲ ನೋಡುತ್ತಿದ್ದೆ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನಾನು ಹೆಗಲು ಮುಟ್ಟಲಿಲ್ಲ ಅಷ್ಟೇ, ಕಣ್ಣು ಎತ್ತಿದರೆ ಸಿಕ್ಕಿಬೀಳುತ್ತೇನೆ ಎಂದು ಗೊತ್ತಿತ್ತು.

ಮರುವರ್ಷ ಪುತ್ತೂರಿನಲ್ಲಿ ದೊಡ್ಡ ಸಭೆ ಇಟ್ಟರು. ಈ ಡಬ್ಬಿಗಳನ್ನು ಮಾರುವವರು, ಹಾಕುವವರು ಎಲ್ಲರೂ ಸೇರಿ, ನಮ್ಮ ಮೂರು ತಾಲೂಕಿನಲ್ಲಿ ಇಂಥಿಂಥ ಕ್ರಮ ಇಲ್ಲದ ಡಬ್ಬಿ ಹಾಕುವುದಿಲ್ಲ ಎಂದು ಒಪ್ಪಿ ಸಹಿ ಮಾಡುವುದು, ಕಂಪೆನಿಗಳಿಗೂ ಅದನ್ನೇ ಬರೆಯುವುದು ಎಂದು ತೀರ್ಮಾನ. ಜನರಿಗೆ ತೋರಿಸಲು ಅಕ್ಕನ ಮನೆಯ ಡಬ್ಬಿಯನ್ನೇ ತರಬೇಕೆಂದು ಭಾವ ಹೇಳಿದರು. ಅಟ್ಟದಿಂದ ಇಳಿಸಿ, ಗೋಣಿ ಬಿಚ್ಚಿ, ಹೋಗಿ ಮೇಜಿನ ಮೇಲೆ ಇಟ್ಟೆ.

ಸುಳ್ಯದಲ್ಲಿ ಅಂಗಡಿ ಇರುವ ಒಬ್ಬರು ಬ್ಯಾರಿ ಮುಸ್ಲಿಂ ಹಿರಿಯರು, ನಮಗೆಲ್ಲ ಕಾಕ, ಗಲ್ಫಿನಲ್ಲಿ ಬಹಳ ವರ್ಷ ದುಡಿದು ಬಂದವರು, ವ್ಯಾಪಾರದಲ್ಲಿ ನೇರ ಮನುಷ್ಯ, ಎದ್ದು ಕೇಳಿದರು. “ಪಾಸ್‌ವರ್ಡ್ ಒಂದೊಂದಕ್ಕೆ ಬೇರೆ ಇರ್ಬೇಕು, ಒಪ್ಪಿದೆ. ಆನ್ ಮಾಡುವ ಮೊದಲು ಡಬ್ಬಿ ಒಮ್ಮೆ ಹೌದಾ ಅಂತ ಕೇಳ್ಬೇಕು, ಆಫ್ ಮಾಡುದು ಎಲ್ಲದ್ರಲ್ಲೂ ಒಂದೇ ರೀತಿ ಇರ್ಬೇಕು, ಅದೂ ಒಪ್ಪಿದೆ. ಆದ್ರೆ ಯಾರೆಲ್ಲ ಕಾಲ್ ಮಾಡಿದ್ರು ಅಂತ ಬರ್ದು ಇಡುದು ಎಂತಕ್ಕೆ ಮಾರಾಯ್ರೆ? ಈಗ ಇವರ ಬೆರಳು ಹೋಯ್ತು. ಯಾರು ಅಂತ ಗೊತ್ತಾದ್ರೆ ಬೆರಳು ವಾಪಸು ಬರ್ತದಾ?”

ಉತ್ತರ ನಾನು ಹೇಳಬೇಕಿತ್ತು. ಭಾವ ಎದ್ದರು.

“ಬೆರಳು ಬರುದಿಲ್ಲ,” ಅಂದರು. “ಆದ್ರೆ ಗೊತ್ತಾಗ್ಬೇಕು. ನನಗೆ ಈಗ ಎದುರು ಬಂದವರನ್ನೆಲ್ಲ ನೋಡಿ, ಇವನಾ ಅಂತ ಕಾಣ್ತದೆ. ಪಕ್ಕದ ಮನೆಯವರ ಹತ್ರ ಮಾತು ಬಿಟ್ಟಿದ್ದೇನೆ. ಅವರಿಗೂ ನಮಗೂ ಬೇಲಿಯ ತಕರಾರು ಉಂಟಲ್ಲ, ಅವರೇ ಬೇಕಂತ ಮಾಡಿದ್ದು ಅಂತ ಒಳಗಿಂದ ಹೇಳ್ತಾ ಇರ್ತದೆ. ಅವರ ಮನೆ ಮದುವೆಗೆ ಹೋಗ್ಲಿಲ್ಲ. ಬಾವಿಗೆ ಇಳಿವಾಗ ಹೆದ್ರಿಕೆ ಆಗ್ತದೆ. ಇಪ್ಪತ್ತು ವರ್ಷ ಆಗದ ಹೆದ್ರಿಕೆ.” ಮೇಜಿನ ಕಡೆ ಕೈ ತೋರಿಸಿ, “ಡಬ್ಬಿ ಇಲ್ಲೇ ಉಂಟು. ನನ್ನ ನಾದಿನಿ ಅದ್ರಲ್ಲಿ ನೋಡಿ ಹೇಳ್ತಾಳೆ” ಎಂದು ಕೂತರು.

ಅಷ್ಟು ಉದ್ದ ಅವರು ಮಾತಾಡಿದ್ದನ್ನು ನಾನು ಯಾವತ್ತೂ ಕೇಳಿರಲಿಲ್ಲ. ನನ್ನ ಹೆದರಿಕೆಯೇ ದೊಡ್ಡದು ಎಂದು ಅಷ್ಟು ದಿನ ಅದನ್ನೇ ತಲೆಯ ಮೇಲೆ ಹೊತ್ತು ತಿರುಗಿದ್ದೆ. ಅವರೂ ಹೆದರಿದ್ದರು, ಯಾರಿಗೆ ಎಂದೇ ಗೊತ್ತಿಲ್ಲದೆ ಹೆದರಿದ್ದರು. ಏನೂ ಅರಿಯದ ಪಕ್ಕದ ಮನೆಯವರ ತಲೆಯ ಮೇಲೆ ನನ್ನ ತಪ್ಪು ಕೂತಿತ್ತು. ಮೇಡಂ ಡಬ್ಬಿಗೆ ಕರೆಂಟ್ ಕೊಟ್ಟರು. ಸಣ್ಣ ಪರದೆಯಲ್ಲಿ ಹಸಿರು ಬೆಳಕು ಬಂತು. ನಾನು ಗುಂಡಿ ಒತ್ತಲಿಲ್ಲ.

“ನೋಡುದು ಬೇಡ,” ಅಂದೆ. “ಕಾಲ್ ಮಾಡಿದ್ದು ನಾನು. ಬಾವಂಗೆ ಮಾಡು ಅಂತ ಫೋನಿಗೆ ಹೇಳಿದ್ದು. ಅದು ಬಾವಿಗೆ ಹೋಯ್ತು.”

ಹಾಲಿನಲ್ಲಿ ಯಾರೋ ನಕ್ಕರು. ಅವರದ್ದು ತಪ್ಪಲ್ಲ, ಬಾವ ಬಾವಿ ಎಂದರೆ ನಗು ಬರುವಂಥದ್ದೇ. ಆಮೇಲೆ ಅವರಿಗೂ ಅರ್ಥವಾಗಿ ನಗು ನಿಂತಿತು. ಭಾವ ನನ್ನನ್ನು ನೋಡಿದರು.

“ಆ ದಿನವೇ ಗೊತ್ತಿತ್ತಾ?”

“ಗೊತ್ತಿತ್ತು.”

“ಹ್ಞೂಂ” ಅಂದರು. ಎದ್ದು ಹೊರಗೆ ಹೋದರು. ನನ್ನ ಸ್ಕೂಟರಿನ ಹಿಂದೆ ಕೂತು ಬಂದವರು, ಬಸ್ಸಿನಲ್ಲಿ ಹೋದರು. ಸುಳ್ಯದ ಕಾಕ ಬಂದು ಸದ್ದಿಲ್ಲದೆ ಮೊದಲ ಸಹಿ ಹಾಕಿದರು, ದಾಖಲೆ ಇಡುವ ಕ್ರಮವನ್ನೂ ಸೇರಿಸಿ. ಎಲ್ಲರೂ ಹಾಕಿದರು. ನನ್ನ ಸಹಿ ಮಾತ್ರ ಗುರುತು ಸಿಗದ ಹಾಗೆ ಬಿತ್ತು.

ಅಕ್ಕ ಒಂದು ವಾರ ನನ್ನ ಮುಖ ನೋಡಲಿಲ್ಲ. ಎಂಟನೆಯ ದಿನ ಅಂಗಡಿಗೆ ಬಂದಳು. ಬೈಯುತ್ತಾಳೆಂದು ತಯಾರಾಗಿ ನಿಂತೆ. ಅವಳು ನನ್ನ ಎರಡು ಕೈಯನ್ನೂ ಹಿಡಿದು ತಿರುಗಿಸಿ ಮುರುಗಿಸಿ ನೋಡಿದಳು. “ಕೈಗೆ ಎಂತದೂ ಆಗ್ಲಿಲ್ಲ ಅಲ್ವಾ? ಶಾಪ ಹಾಕಿದ್ದು ನಿಂಗೆ ಅಂತ ನಂಗೆ ಗೊತ್ತಿರ್ಲಿಲ್ಲ ಮಾರಾಯ್ತಿ” ಎಂದು ಅತ್ತಳು. ದೈವಕ್ಕೆ ತಪ್ಪುಕಾಣಿಕೆ ಇಟ್ಟು, ಹೇಳಿದ ಮಾತನ್ನೆಲ್ಲ ವಾಪಸು ಬೇಡಿಕೊಂಡು ಬಂದಿದ್ದಳಂತೆ. ತಪ್ಪು ಮಾಡಿದವಳು ನಾನು, ಕಾಣಿಕೆ ಇಟ್ಟವಳು ಅವಳು. ನನಗೆ ಅಳಲೂ ನಾಚಿಕೆಯಾಯಿತು. ಭಾವ ಪಕ್ಕದ ಮನೆಗೆ ಹೋಗಿ ಜಗಲಿಯಲ್ಲಿ ಕೂತು ಚಹಾ ಕುಡಿದು ಬಂದರೆಂದು ಅವಳೇ ಹೇಳಿದಳು. ನನ್ನ ಬಗ್ಗೆ ಅವರು ಏನೂ ಹೇಳಿರಲಿಲ್ಲ.

ಅಂಗಡಿಗೆ ಅವರು ಬಂದದ್ದು ಇನ್ನೂ ಎರಡು ವಾರ ಕಳೆದ ಮೇಲೆ. ಏನೂ ಆಗದವರ ಹಾಗೆ ಸ್ಪ್ಯಾನರ್ ಚೀಲ ಎತ್ತಿಕೊಂಡು, “ಎಲ್ಲಿಗೆ?” ಎಂದು ಕೇಳಿದರು. ಕಡಬದ ಹತ್ತಿರ ಒಂದು ಬಾವಿ ಇತ್ತು. ದಾರಿಯುದ್ದ ನಾನೂ ಮಾತಾಡಲಿಲ್ಲ, ನನ್ನ ಬಾಯಿಗೆ ಅದು ದೊಡ್ಡ ಶಿಕ್ಷೆಯೇ. ಅಲ್ಲಿ ಹೋಗಿ ಕ್ರಮ ಪ್ರಕಾರ ಎಲ್ಲ ಮಾಡಿದೆವು. ಮೇನ್ ತೆಗೆದೆವು, ಡಬ್ಬಿಯ ಸಿಮ್ ಕಳಚಿದೆವು, ಮನೆಯವರನ್ನು ಸ್ವಿಚ್ಚಿನ ಹತ್ತಿರ ನಿಲ್ಲಿಸಿದೆವು. ಇನ್ನು ಆ ಪಂಪು ತಾನಾಗಿ ತಿರುಗುವ ದಾರಿ ಇರಲಿಲ್ಲ. ಭಾವ ಹಗ್ಗ ಹಿಡಿದು ಒಂದು ಕಾಲು ಕಟ್ಟೆಯ ಆಚೆ ಇಟ್ಟವರು, ನಿಂತು ನನ್ನ ಕಡೆ ಕೈ ಚಾಚಿದರು. ಸ್ಪ್ಯಾನರ್ ಕೊಟ್ಟೆ. ಅದನ್ನು ಅವರು ಕಟ್ಟೆಯ ಮೇಲೆ ಇಟ್ಟರು.

“ಫೋನು,” ಅಂದರು.

ಕೊಟ್ಟೆ. ಸ್ವಿಚ್ ಆಫ್ ಮಾಡಿ ತಮ್ಮ ಅಂಗಿಯ ಕಿಸೆಯಲ್ಲಿ ಹಾಕಿಕೊಂಡರು. ಕಿಸೆಯ ಬಟನ್ ಹಾಕಲು ನೋಡಿದರು, ಗಂಟು ಹೋದ ಬೆರಳಿಗೂ ಮಡಚದ ಬೆರಳಿಗೂ ಅದು ಸಿಗಲಿಲ್ಲ. ಎರಡು ಮೂರು ಸಲ ಜಾರಿತು. ಆಮೇಲೆ ಸುಮ್ಮನೆ ಎದೆ ಮುಂದೆ ಮಾಡಿ ನಿಂತರು. ನಾನು ಬಟನ್ ಹಾಕಿದೆ. ಅವರು ಇಳಿದರು.

ಈಗ ಪ್ರತಿ ಬಾವಿಯಲ್ಲೂ ಹೀಗೆಯೇ. ಅವರು ಕೇಳುವುದಿಲ್ಲ, ನಾನೇ ಫೋನು ತೆಗೆದು ಅವರ ಕಿಸೆಗೆ ಹಾಕಿ ಬಟನ್ ಹಾಕುತ್ತೇನೆ. ಹಾಕುವಾಗ ನನ್ನ ಕೈ ನಡುಗುತ್ತದೆ. ನಡುಕ ನಿಲ್ಲುವವರೆಗೆ ಅವರು ಕಾಯುತ್ತಾರೆ.